ಎಂಟು ಲಕ್ಷ ಕೊಟ್ಟು ಪೈಲಟ್ ಎಪಿಸೋಡ್ ಮಾಡಲೇ? ವಿಜ್ಞಾನ ಸೀರಿಯಲ್ ಬರೆಯಲು ಹೊರಟ ಉಪನ್ಯಾಸಕಿಗೆ ಉತ್ತರ

ಪ್ರಶ್ನೆ: ಸರ್, ನಾನು ಗೌರಿಬಿದನೂರು ತಾಲ್ಲೂಕಿನವಳು. ವಯಸ್ಸು 29. ಎಂ.ಎಸ್ಸಿ ಫಿಸಿಕ್ಸ್ ಮಾಡಿ ಪಿಯು ಕಾಲೇಜಿನಲ್ಲಿ ಅತಿಥಿ ಉಪನ್ಯಾಸಕಿಯಾಗಿದ್ದೇನೆ. ಚಿಕ್ಕವಳಿದ್ದಾಗಿನಿಂದ ನಮ್ಮ ಕಡೆಯ ರೇಡಿಯೋ ದೂರದರ್ಶಕದ ಕಂಬಗಳನ್ನು ನೋಡಿಕೊಂಡೇ ಬೆಳೆದೆ. ಟಿವಿಗೆ ವೈಜ್ಞಾನಿಕ ಕಥೆ ಬರೆಯಬೇಕು, ಮುಂದೆ ನಾನೇ ನಿರ್ಮಿಸಬೇಕು ಎಂಬ ಆಸೆ. ಸ್ಟಾರ್ ಟ್ರೆಕ್ ಎಂಬ ಅಮೆರಿಕದ ಬಾಹ್ಯಾಕಾಶ ಸರಣಿ ಮಾಡಿದ ಜೀನ್ ರಾಡೆನ್‌ಬೆರಿ ತರಹ. 60 ಎಪಿಸೋಡ್‌ನ ಕಥೆ ಬರೆದಿಟ್ಟಿದ್ದೇನೆ. ಬೆಂಗಳೂರಿನ ಒಬ್ಬರು 'ಎಂಟು ಲಕ್ಷ ಹಾಕಿ, ಪೈಲಟ್ (ಮಾದರಿ ಎಪಿಸೋಡ್) ಮಾಡಿ ಚಾನೆಲ್‌ಗೆ ತೋರಿಸೋಣ, ನೀವೇ ಕೋ-ಪ್ರೊಡ್ಯೂಸರ್' ಎನ್ನುತ್ತಿದ್ದಾರೆ. ಈ ತಿಂಗಳ ಕೊನೆಗೆ ಹೇಳಬೇಕಂತೆ. ಅಮ್ಮನ ಹೆಸರಲ್ಲಿ ಎರಡು ಎಕರೆ ಇದೆ, ಅಡವಿಡಬಹುದು. ಕೆಲಸವನ್ನೂ ಬಿಡೋಣ ಅನ್ನಿಸುತ್ತಿದೆ. 'ಕನ್ನಡದವರು ಇಂಥದ್ದೆಲ್ಲ ನೋಡಲ್ಲ' ಅಂತ ಕೆಲವರು, 'ಕಥೆ ಕೊಟ್ಟರೆ ಕದೀತಾರೆ' ಅಂತ ಇನ್ನು ಕೆಲವರು. ಏನು ಮಾಡಲಿ? ಮೊದಲ ಹತ್ತು ಪುಟ ಜೊತೆಗಿಟ್ಟಿದ್ದೇನೆ.

ಉತ್ತರ: ನಿಮ್ಮ ಪತ್ರವನ್ನು ಎರಡು ಸಲ ಓದಿದೆ, ಹತ್ತು ಪುಟಗಳನ್ನು ಮೂರು ಸಲ. ಪುಟಗಳ ವಿಷಯಕ್ಕೆ ಆಮೇಲೆ ಬರುತ್ತೇನೆ. ನಿಮಗೆ ತಿಂಗಳ ಕೊನೆಯ ಗಡುವು ಇರುವುದರಿಂದ ಮೊದಲು ದುಡ್ಡಿನ ಮಾತು ಮುಗಿಸೋಣ.

ಆ ಎಂಟು ಲಕ್ಷ ಕೊಡಬೇಡಿ, ತಂಗಿ. ಜಮೀನಿನ ಪಹಣಿ ಬೀರುವಿನಲ್ಲೇ ಇರಲಿ.

ಆ ವ್ಯಕ್ತಿ ಮೋಸಗಾರರು ಎಂದು ನಾನು ಹೇಳುತ್ತಿಲ್ಲ, ಅವರು ಯಾರೆಂದೂ ನನಗೆ ಗೊತ್ತಿಲ್ಲ. ಆದರೆ ಈ ವೃತ್ತಿಯಲ್ಲಿ ದುಡ್ಡು ಹರಿಯುವ ದಿಕ್ಕು ಒಂದೇ. ಚಾನೆಲ್ ನಿರ್ಮಾಪಕರಿಗೆ ಕೊಡುತ್ತದೆ, ನಿರ್ಮಾಪಕರು ಬರಹಗಾರರಿಗೆ ಕೊಡುತ್ತಾರೆ. ಬರಹಗಾರರಿಂದಲೇ ದುಡ್ಡು ಕೇಳಿದರು ಎಂದರೆ ನೀರು ಏರಿಗೆ ಹತ್ತುತ್ತಿದೆ ಎಂದರ್ಥ. ಅವರನ್ನು ಮೂರು ವಿಷಯ ಕೇಳಿ. ಇದಕ್ಕೆ ಮೊದಲು ಯಾವ ಸೀರಿಯಲ್ ಮಾಡಿದ್ದೀರಿ? ಚಾನೆಲ್‌ನ ಫಿಕ್ಷನ್ ವಿಭಾಗದಿಂದ ಈ ಕಥೆ ಕೇಳಿದ್ದಕ್ಕೆ ಒಂದು ಇ-ಮೇಲ್ ಇದೆಯಾ? ಪೈಲಟ್ ಒಪ್ಪಿಗೆಯಾಗದಿದ್ದರೆ ನನ್ನ ದುಡ್ಡು ಮತ್ತು ನನ್ನ ಕಥೆ ಯಾರ ಹತ್ತಿರ ಇರುತ್ತವೆ? ಮೂರಕ್ಕೂ ಬರಹದಲ್ಲಿ ಉತ್ತರ ಬರಲಿ. ಬಾರದಿದ್ದರೆ ಅಲ್ಲಿಗೆ ಬಿಟ್ಟುಬಿಡಿ. ಇನ್ನೊಂದು ವಿಷಯ: ಎಷ್ಟೋ ಚಾನೆಲ್‌ಗಳು ಪೈಲಟ್ ನೋಡುವ ಮೊದಲು ಎರಡು ಪುಟದ ಕಥಾಸಾರ ಕೇಳುತ್ತವೆ. ಆ ಎರಡು ಪುಟಕ್ಕೆ ಒಂದು ರೂಪಾಯಿಯೂ ಖರ್ಚಿಲ್ಲ.

ಇಷ್ಟು ಖಡಾಖಂಡಿತ ಹೇಳುವುದಕ್ಕೆ ಕಾರಣ ಇದೆ. 2006ರಲ್ಲಿ ನಾನು ಮತ್ತು ಇಬ್ಬರು ಗೆಳೆಯರು ಸೇರಿ ಮಕ್ಕಳಿಗೆ 13 ಎಪಿಸೋಡ್‌ನ ವಿಜ್ಞಾನ ಸಾಹಸ ಸರಣಿ ತೆಗೆಯಲು ಹೊರಟೆವು. ಬರೆದವನೂ ನಾನೇ, ದುಡ್ಡು ಹಾಕಿದವರಲ್ಲಿ ಒಬ್ಬನೂ ನಾನೇ. ದೇವರಾಯನದುರ್ಗದ ಬಂಡೆಗಳೇ ನಮ್ಮ ಬೇರೆ ಗ್ರಹ. ಸ್ಕ್ರಿಪ್ಟ್‌ನಲ್ಲಿ ನಾನು ಒಂದು ಸಾಲು ಬರೆದಿದ್ದೆ: 'ಹೆಲ್ಮೆಟ್ ಹಾಕಿಕೊಂಡ ಹುಡುಗ ಬೆಟ್ಟ ಇಳಿದು ಓಡುತ್ತಾನೆ.' ಆರೇ ಪದ. ಬರೆಯುವಾಗ ಅರ್ಧ ನಿಮಿಷವೂ ಹಿಡಿಯಲಿಲ್ಲ. ಶೂಟಿಂಗ್ ದಿನ ಏನಾಯಿತು ಎಂದರೆ, ಹತ್ತು ಹೆಜ್ಜೆ ಓಡಿದ ಕೂಡಲೇ ಹುಡುಗನ ಉಸಿರಿಗೆ ಹೆಲ್ಮೆಟ್‌ನ ಗಾಜು ಮಂಜು ಹಿಡಿಯಿತು. ಅವನಿಗೆ ದಾರಿ ಕಾಣದು, ನಮಗೆ ಅವನ ಮುಖ ಕಾಣದು. ಅಡುಗೆಯವರ ಒಲೆಯಲ್ಲಿ ಮೊಳೆ ಕಾಯಿಸಿ ಗಲ್ಲದ ಕೆಳಗೆ ತೂತು ಹೊಡೆದೆವು. ಫೈಬರ್ ಸೀಳಿತು. ಇನ್ನೊಂದು ಹೆಲ್ಮೆಟ್ ಬೆಂಗಳೂರಿನಿಂದ ಬರುವಷ್ಟರಲ್ಲಿ ಬಿಸಿಲು ಇಳಿದಿತ್ತು. 34 ಜನರ ಊಟ, ಬೇಟಾ (ದಿನಭತ್ಯೆ), ಜನರೇಟರ್ ಡೀಸೆಲ್, ಕ್ಯಾಮೆರಾ ಬಾಡಿಗೆ ಎಲ್ಲ ಒಂದೇ ಸಾಲಿಗೆ ಹೋಯಿತು. ಅವತ್ತಿನಿಂದ ನಾನು ಯಾವ ಸಾಲು ಬರೆದರೂ ಅದರ ಪಕ್ಕದಲ್ಲಿ ಪೆನ್ಸಿಲ್‌ನಲ್ಲಿ ಅದರ ಖರ್ಚು ಬರೆಯುತ್ತೇನೆ.

ಸರಣಿ ಒಂಬತ್ತು ಎಪಿಸೋಡ್‌ಗೆ ನಿಂತಿತು. ಚಾನೆಲ್ ಸಮಯ ಬದಲಿಸಿತು, ಬಾಕಿ ದುಡ್ಡು ಬರಲು ಹದಿನಾಲ್ಕು ತಿಂಗಳು ಹಿಡಿಯಿತು. ಅಷ್ಟರಲ್ಲಿ ಬಡ್ಡಿ ಕಟ್ಟಲಾರದೆ ಶಿರಾ ಗೇಟ್ ಹತ್ತಿರ ಇದ್ದ ನನ್ನ ಸೈಟ್ ಮಾರಿದ್ದೆ. ನನ್ನ ಹೆಂಡತಿ ಒಂದು ಮಾತೂ ಆಡಲಿಲ್ಲ. ಅದು ಇವತ್ತಿಗೂ ನೋಯುತ್ತದೆ. ನಿಮ್ಮ ಅಮ್ಮನ ಜಮೀನಿನ ಸುದ್ದಿ ಓದಿದಾಗ ನನಗೆ ಮೊದಲು ನೆನಪಾಗಿದ್ದು ಅದೇ.

ನಿರ್ಮಾಪಕರ ಲೆಕ್ಕ ಹೇಗಿರುತ್ತದೆ ಗೊತ್ತಾ? ದಿನದ ಸೀರಿಯಲ್ ಎಂದರೆ ವಾರಕ್ಕೆ ಆರು ಎಪಿಸೋಡ್ ಎಂದುಕೊಳ್ಳಿ. ಚಾನೆಲ್‌ನಿಂದ ದುಡ್ಡು ಮೂರು ತಿಂಗಳು ತಡವಾಗಿ ಬಂತು ಎನ್ನಿ. ಹದಿಮೂರು ವಾರ, ಅಂದರೆ 78 ಎಪಿಸೋಡ್. ಲೆಕ್ಕ ಸುಲಭ ಆಗಲಿ ಅಂತ ಒಂದಕ್ಕೆ ಒಂದು ಲಕ್ಷ ಇಟ್ಟುಕೊಂಡರೂ 78 ಲಕ್ಷ ನಿಮ್ಮ ಕೈಯಿಂದ ಹೊರಗೆ ಹೋಗಿರುತ್ತದೆ. ಕಲಾವಿದರಿಗೆ, ಲೈಟ್ ಬಾಯ್‌ಗಳಿಗೆ, ಮನೆ ಬಾಡಿಗೆಗೆ ತಡ ಮಾಡುವ ಹಾಗಿಲ್ಲ. ಈ ನಡುವಿನ ಅಂತರ ತಡೆದುಕೊಳ್ಳುವ ಶಕ್ತಿಯೇ ನಿರ್ಮಾಪಕರ ಬಂಡವಾಳ. ಕಥೆ ಎಷ್ಟೇ ಚೆನ್ನಾಗಿರಲಿ, ಎಂಟು ಲಕ್ಷದಿಂದ ಆ ಬಾಗಿಲು ತೆರೆಯುವುದಿಲ್ಲ.

ಈಗ ರಾಡೆನ್‌ಬೆರಿ ವಿಷಯಕ್ಕೆ ಬರೋಣ. ಒಂದು ದೊಡ್ಡ ಐಡಿಯಾ ಹೊಳೆಯಿತು, ಚಾನೆಲ್‌ಗೆ ಹೋದರು, ಒಪ್ಪಿಕೊಂಡರು ಎಂಬ ಚಿತ್ರ ತುಂಬ ಜನರ ತಲೆಯಲ್ಲಿದೆ. ನಿಮ್ಮ ಪತ್ರದಲ್ಲೂ ಅದರ ನೆರಳಿದೆ. ನಡೆದದ್ದು ಹಾಗಲ್ಲ. ಎರಡನೇ ಮಹಾಯುದ್ಧದಲ್ಲಿ ಅವರು ಬಾಂಬರ್ ವಿಮಾನದ ಪೈಲಟ್. ಆಮೇಲೆ ಪ್ರಯಾಣಿಕರ ವಿಮಾನ ಹಾರಿಸಿದರು. 1949ರಲ್ಲಿ ಲಾಸ್ ಏಂಜಲೀಸ್ ಪೊಲೀಸ್ ಇಲಾಖೆ ಸೇರಿದರು. ಪೊಲೀಸ್ ಕೆಲಸದಲ್ಲಿ ಇದ್ದುಕೊಂಡೇ ಬೇರೆ ಹೆಸರಲ್ಲಿ ಟಿವಿಗೆ ಸ್ಕ್ರಿಪ್ಟ್ ಮಾರಲು ಶುರು ಮಾಡಿದರು. ಕೆಲಸ ಬಿಟ್ಟಿದ್ದು 1956ರಲ್ಲಿ, ಬರವಣಿಗೆಯಿಂದ ದುಡ್ಡು ಬರುತ್ತದೆ ಎಂದು ಗಟ್ಟಿಯಾದ ಮೇಲೆ. ಬಾಹ್ಯಾಕಾಶದ ಕಥೆ ಟಿವಿಯಲ್ಲಿ ಬಂದಿದ್ದು 1966ರ ಸೆಪ್ಟೆಂಬರ್ 8ಕ್ಕೆ. ಆ ನಡುವಿನ ಹತ್ತು ವರ್ಷ ಅವರು ಬರೆದದ್ದು ಹೆಚ್ಚಾಗಿ ಪೊಲೀಸರ, ಕುದುರೆ ಸವಾರರ, ಸೈನಿಕರ ಕಥೆ.

ಅಷ್ಟಾದರೂ ಮೊದಲ ಪೈಲಟ್ ಎನ್‌ಬಿಸಿ ಚಾನೆಲ್‌ಗೆ ಹಿಡಿಸಲಿಲ್ಲ. ಎರಡನೆಯದು ಮಾಡಿಸಿ ನೋಡಿದ ಮೇಲೆ ಒಪ್ಪಿದರು. ಮೂರು ವರ್ಷ ನಡೆದು, 79 ಎಪಿಸೋಡ್‌ಗೆ 1969ರಲ್ಲಿ ನಿಂತುಹೋಯಿತು. ಅದಕ್ಕೆ ಹೆಸರು ಬಂದಿದ್ದು ಜಾಸ್ತಿ ಮರುಪ್ರಸಾರದಲ್ಲಿ. ನಡುವೆ ಬಂದ ಕಾರ್ಟೂನ್ ಸರಣಿ ಬಿಟ್ಟರೆ, ನಟರಿರುವ ಮುಂದಿನ ಟಿವಿ ಸರಣಿ ಬರಲು 1987ರವರೆಗೆ ಕಾಯಬೇಕಾಯಿತು.

ನಾನು ಹೊಸಬರಿಗೆ ಯಾವಾಗಲೂ ಹೇಳುವ ಒಂದು ಸಂಗತಿ ಇದೆ. ಆ ಸರಣಿಯಲ್ಲಿ ಜನ ಮಿನುಗುತ್ತ ಮಾಯವಾಗಿ ಗ್ರಹದ ಮೇಲೆ ಪ್ರತ್ಯಕ್ಷವಾಗುತ್ತಾರಲ್ಲ, ಟ್ರಾನ್ಸ್‌ಪೋರ್ಟರ್? ಅದು ಹುಟ್ಟಿದ್ದು ದುಡ್ಡಿಲ್ಲದೆ. ಪ್ರತಿ ವಾರ ಇಡೀ ನೌಕೆ ನೆಲಕ್ಕಿಳಿಯುವುದನ್ನು ತೋರಿಸಲು ಬಜೆಟ್ ಸಾಲುತ್ತಿರಲಿಲ್ಲ. ಬರಹಗಾರ-ನಿರ್ಮಾಪಕ ಎಂದರೆ ಇದು. ಬರಹಗಾರ 'ಇಳಿಸು' ಎನ್ನುತ್ತಾನೆ, ನಿರ್ಮಾಪಕ 'ದುಡ್ಡಿಲ್ಲ' ಎನ್ನುತ್ತಾನೆ. ಇಬ್ಬರೂ ಒಂದೇ ತಲೆಯಲ್ಲಿ ಇದ್ದಾಗ ಹೊಸ ದಾರಿ ಕಾಣುತ್ತದೆ. ನಮ್ಮ ಗುಬ್ಬಿ ಕಂಪನಿಯವರಿಗೆ ಈ ಪಾಠ ಯಾರೂ ಹೇಳಿಕೊಡಬೇಕಾಗಿರಲಿಲ್ಲ. 1884ರಲ್ಲಿ ಶುರುವಾದ ನಾಟಕ ಮಂಡಳಿ ಅದು. ಸೀನರಿ ಎಷ್ಟು ಬೇಕು, ಊರಿಂದ ಊರಿಗೆ ಎಷ್ಟು ಗಾಡಿ ಸಾಮಾನು ಸಾಗಿಸಬಹುದು, ಗೇಟಿನಲ್ಲಿ ಎಷ್ಟು ಕಲೆಕ್ಷನ್ ಎನ್ನುವ ಲೆಕ್ಕ ನಾಟಕದ ಜೊತೆಗೇ ನಡೆಯದಿದ್ದರೆ ಅಂಥ ಕಂಪನಿ ಅಷ್ಟು ಕಾಲ ಉಳಿಯುತ್ತಿರಲಿಲ್ಲ.

ನಿಮಗೆ ರಾಡೆನ್‌ಬೆರಿಗಿಂತ ಹತ್ತಿರದ ಉದಾಹರಣೆ ಡಿ.ಸಿ. ಫಾಂಟಾನಾ. ಟಿವಿ ಕಚೇರಿಗಳಲ್ಲಿ ಟೈಪ್ ಮಾಡುವ ಸೆಕ್ರೆಟರಿಯಾಗಿ ಬಂದವರು. ರಾಡೆನ್‌ಬೆರಿಗೂ ಸೆಕ್ರೆಟರಿ ಆಗಿದ್ದರು. ಹೆಣ್ಣು ಬರೆದದ್ದು ಎಂದು ಗೊತ್ತಾದರೆ ಸ್ಕ್ರಿಪ್ಟ್ ಸರಿಯಾಗಿ ಓದುವುದಿಲ್ಲ ಎಂದು ಡೊರತಿ ಎಂಬ ಹೆಸರನ್ನು ಇನಿಷಿಯಲ್ ಮಾಡಿಕೊಂಡರು. ಬೇರೆಯವರ ಸ್ಕ್ರಿಪ್ಟ್‌ಗಳನ್ನು ದಿನಾ ಟೈಪ್ ಮಾಡುತ್ತಲೇ ಕಸುಬು ಕಲಿತರು. ಮೂವತ್ತು ತುಂಬುವ ಮೊದಲೇ ಅದೇ ಸರಣಿಯ ಸ್ಟೋರಿ ಎಡಿಟರ್ ಆದರು. ಕಥೆ ತಯಾರಾಗುವ ಕೋಣೆಯಲ್ಲಿ ಯಾವುದೋ ಒಂದು ಕುರ್ಚಿ ಹಿಡಿದು ಕೂತವರು ಅವರು. ನಿಮಗೂ ಬೇಕಾಗಿರುವುದು ಅಂಥ ಒಂದು ಕುರ್ಚಿ.

ಅಮೆರಿಕದ ಇನ್ನೊಬ್ಬ ಟಿವಿ ಬರಹಗಾರ ರಾಡ್ ಸರ್ಲಿಂಗ್ ಅವರನ್ನೂ ನೆನೆಯಬೇಕು. ರೇಡಿಯೋದಲ್ಲಿ ಕೈ ಪಳಗಿಸಿಕೊಂಡವರು. ಟಿವಿ ನಾಟಕಗಳಲ್ಲಿ ದೊಡ್ಡ ಹೆಸರು ಮಾಡಿದರು. ಆದರೆ ಜನಾಂಗ ದ್ವೇಷದ ಬಗ್ಗೆ ನೇರವಾಗಿ ಬರೆದಾಗ ಜಾಹೀರಾತು ಕೊಡುವ ಕಂಪನಿಗಳು ಕತ್ತರಿ ಹಾಕಿದವು. ಅದೇ ಮಾತನ್ನು ಬೇರೆ ಗ್ರಹದವರ ಬಾಯಲ್ಲಿ ಆಡಿಸಿದಾಗ ಯಾರೂ ತಕರಾರು ಮಾಡಲಿಲ್ಲ. 1959ರಿಂದ 1964ರವರೆಗೆ ನಡೆದ ದಿ ಟ್ವಿಲೈಟ್ ಝೋನ್‌ನ 156 ಎಪಿಸೋಡ್‌ಗಳಲ್ಲಿ 92 ಅವರೇ ಬರೆದದ್ದು. ನಿರ್ಮಾಣವೂ ಅವರ ಸಂಸ್ಥೆಯದೇ. ಆಮೇಲೆ ತಮ್ಮ ಪಾಲನ್ನು ಚಾನೆಲ್‌ಗೆ ಮಾರಿಬಿಟ್ಟರು. ಮರುಪ್ರಸಾರದಿಂದ ಬಂದ ದುಡ್ಡು ಚಾನೆಲ್‌ಗೇ ಹೋಯಿತು. ಐವತ್ತನೇ ವಯಸ್ಸಿಗೆ ತೀರಿಕೊಂಡರು. ಹಕ್ಕಿನ ಮಾತು ಬಂದಾಗ ಇದನ್ನು ನೆನಪಿಟ್ಟುಕೊಳ್ಳಿ.

'ಕನ್ನಡದವರು ನೋಡಲ್ಲ' ಎನ್ನುವ ಮಾತನ್ನು ನಾನು ಒಪ್ಪುವುದಿಲ್ಲ. ನಮ್ಮ ಸೀರಿಯಲ್‌ಗಳಲ್ಲಿ ಹಾವು ಹೆಣ್ಣಾಗುತ್ತದೆ, ಸತ್ತವರು ಹುಟ್ಟಿಬರುತ್ತಾರೆ, ಮುಖವೇ ಬದಲಾಗಿ ಗಂಡನ ಮನೆಗೆ ವಾಪಸ್ ಬರುತ್ತಾರೆ. ಜನ ನಂಬಿ ನೋಡುತ್ತಾರೆ. 1998ರಲ್ಲಿ ದೂರದರ್ಶನದಲ್ಲಿ ಹಿಂದಿಯ ಕ್ಯಾಪ್ಟನ್ ವ್ಯೋಮ್ ಬಂದಾಗ ತುಮಕೂರಿನ ನಮ್ಮ ಬೀದಿಯ ಹುಡುಗರು ಭಾಷೆ ಅರ್ಧ ಗೊತ್ತಿಲ್ಲದಿದ್ದರೂ ಟಿವಿ ಮುಂದೆ ಕೂರುತ್ತಿದ್ದರು. ನೋಡುಗರ ಕಲ್ಪನೆಗೆ ಏನೂ ಕೊರತೆ ಇಲ್ಲ.

ತೊಡಕು ಇರುವುದು ಕೆಲಸದ ವೇಗದಲ್ಲಿ. ವಾರಕ್ಕೆ ಆರು ಎಂದರೆ ವರ್ಷಕ್ಕೆ ಮುನ್ನೂರಕ್ಕೂ ಜಾಸ್ತಿ ಎಪಿಸೋಡ್. ಸ್ಟಾರ್ ಟ್ರೆಕ್ ಮೂರು ವರ್ಷದಲ್ಲಿ ಮಾಡಿದ್ದು 79. ನಮ್ಮಲ್ಲಿ ಅಷ್ಟು ಮೂರು ತಿಂಗಳಿಗೆ ಮುಗಿಯುತ್ತದೆ. ಇಷ್ಟು ವೇಗಕ್ಕೆ ಒಂದೇ ಮನೆ, ಒಂದೇ ಹಾಲ್, ಒಂದೇ ಅಡುಗೆಮನೆ ಬೇಕು. ಲೈಟ್ ಒಂದು ಸಲ ಕಟ್ಟಿದರೆ ದಿನವಿಡೀ ನಡೆಯಬೇಕು. ಅದಕ್ಕೇ ನಮ್ಮ ಕಥೆಗಳು ಮನೆಯೊಳಗೇ ತಿರುಗುತ್ತವೆ. ಜೊತೆಗೆ ನೋಡುವವರು ಒಗ್ಗರಣೆ ಹಾಕುತ್ತ, ಮಕ್ಕಳಿಗೆ ಊಟ ಬಡಿಸುತ್ತ ಅರ್ಧ ಕಿವಿಯಲ್ಲಿ ಕೇಳುತ್ತಿರುತ್ತಾರೆ. ಒಂದು ನಿಮಿಷ ಕಣ್ಣು ತಪ್ಪಿದರೆ ಅರ್ಥವಾಗದ ಕಥೆ ಅಲ್ಲಿ ನಿಲ್ಲುವುದಿಲ್ಲ. ಅದರ ಮೇಲೆ ಗುರುವಾರದ ಟಿಆರ್‌ಪಿ. ಅಂಕಿ ಇಳಿದರೆ ಶುಕ್ರವಾರವೇ ಕಥೆ ತಿರುಗಿಸಿ ಎಂದು ಫೋನ್ ಬರುತ್ತದೆ. ಕಾರಣ-ಪರಿಣಾಮಗಳ ಗಟ್ಟಿ ಸರಪಣಿ ಬೇಕಾದ ವೈಜ್ಞಾನಿಕ ಕಥೆಗೆ ಇದು ಕಷ್ಟದ ನೆಲ. ಹಾಗಾಗಿ ನಿಮ್ಮ 60 ಎಪಿಸೋಡ್ ದಿನದ ಸೀರಿಯಲ್‌ಗೆ ಹೊಂದುವುದಿಲ್ಲ. ಎಂಟೋ ಹತ್ತೋ ಎಪಿಸೋಡ್‌ನ ಕಿರು ಸರಣಿಯಾಗಿ ಇಳಿಸಿದರೆ ಮಾತಾಡಲು ಜಾಗ ಸಿಗಬಹುದು.

ಉದ್ದದ ಕಥೆಯ ಬಗ್ಗೆ ಇನ್ನೊಬ್ಬರಿಂದ ಕಲಿಯುವುದಿದೆ. ಜೆ. ಮೈಕೆಲ್ ಸ್ಟ್ರಾಜಿನ್ಸ್ಕಿ ಎಂಬವರು ಬ್ಯಾಬಿಲಾನ್ 5 ಎಂಬ ಸರಣಿಯನ್ನು ಐದು ವರ್ಷದ ಕಥೆಯಾಗಿ ಮೊದಲೇ ಹೆಣೆದಿಟ್ಟಿದ್ದರು. 110 ಎಪಿಸೋಡ್‌ಗಳಲ್ಲಿ 92 ಸ್ವತಃ ಬರೆದರು. ಯಾವ ನಟ ಬಿಟ್ಟುಹೋದರೂ ಕಥೆ ನಿಲ್ಲದ ಹಾಗೆ ಪ್ರತಿ ಪಾತ್ರಕ್ಕೂ ಒಂದು ಹಿಂಬಾಗಿಲು ಇಟ್ಟುಕೊಂಡಿದ್ದರು. ಅದು ಬೇಕೂ ಆಯಿತು. ಮೊದಲ ವರ್ಷ ಮುಗಿಯುತ್ತಲೇ ಮುಖ್ಯ ನಟ ಹೊರಗೆ ಹೋದರು. ಕಥೆ ಮುಂದುವರಿಯಿತು. ಇಷ್ಟಕ್ಕೂ ಮೊದಲು ಅವರು ಮಕ್ಕಳ ಕಾರ್ಟೂನ್‌ಗಳಿಗೆ, ಪತ್ತೇದಾರಿ ಸರಣಿಗೆ ಬರೆಯುತ್ತಿದ್ದವರು.

ಕಳ್ಳತನದ ಭಯಕ್ಕೆ ಬರೋಣ. ಸತ್ಯ ಅರ್ಧ ಇದೆ. ಐಡಿಯಾಕ್ಕೆ ಕಾಪಿರೈಟ್ ಇಲ್ಲ. 1978ರಲ್ಲೇ ಸುಪ್ರೀಂ ಕೋರ್ಟ್ ಆರ್.ಜಿ. ಆನಂದ್ ಪ್ರಕರಣದಲ್ಲಿ ಇದನ್ನು ಸ್ಪಷ್ಟಪಡಿಸಿದೆ. 'ಗೌರಿಬಿದನೂರಿನ ದೂರದರ್ಶಕಕ್ಕೆ ಒಂದು ಸಂಕೇತ ಬರುತ್ತದೆ' ಎಂಬುದು ಐಡಿಯಾ, ಯಾರೂ ಬಳಸಬಹುದು. ಆದರೆ ನೀವು ಬರೆದ ಪಾತ್ರ, ದೃಶ್ಯ, ಮಾತು, ಅವುಗಳ ಹೆಣಿಗೆ ನಿಮ್ಮದು. ಹಾಗಾಗಿ ಬಾಯಲ್ಲಿ ಕಥೆ ಹೇಳಿಕೊಂಡು ಓಡಾಡಬೇಡಿ, ಬರೆದಿಡಿ. ಮುಂಬೈನ ಸ್ಕ್ರೀನ್‌ರೈಟರ್ಸ್ ಅಸೋಸಿಯೇಷನ್‌ನ ಸದಸ್ಯರಾದರೆ ಆನ್‌ಲೈನ್‌ನಲ್ಲೇ ಸ್ಕ್ರಿಪ್ಟ್ ನೋಂದಾಯಿಸಬಹುದು. ಕೇಂದ್ರ ಸರ್ಕಾರದ ಕಾಪಿರೈಟ್ ಕಚೇರಿಯಲ್ಲೂ ನೋಂದಾಯಿಸಬಹುದು. ಸಾಹಿತ್ಯ ಕೃತಿಗೆ 500 ರೂಪಾಯಿ ಶುಲ್ಕ, ಆಕ್ಷೇಪಣೆಗೆ 30 ದಿನ ಕಾಯಬೇಕು. ಕಥಾಸಾರ ಕಳಿಸುವಾಗ ನಿಮ್ಮ ಇ-ಮೇಲ್‌ನಿಂದಲೇ ಕಳಿಸಿ, ದಿನಾಂಕ ಉಳಿಯುತ್ತದೆ. ಅರವತ್ತು ಎಪಿಸೋಡ್‌ನ ಕಟ್ಟನ್ನು ಯಾರಿಗೂ ಪೂರ್ತಿ ಕೊಡಬೇಡಿ.

ಆದರೆ ನನ್ನ ಅನುಭವದಲ್ಲಿ, ಕದ್ದು ಹೋದ ಕಥೆಗಳಿಗಿಂತ ಸಹಿ ಹಾಕಿ ಕಳೆದುಕೊಂಡ ಕಥೆಗಳೇ ಜಾಸ್ತಿ. ಒಪ್ಪಂದದಲ್ಲಿ 'ಎಲ್ಲ ಹಕ್ಕುಗಳು, ಶಾಶ್ವತವಾಗಿ, ಜಗತ್ತಿನಾದ್ಯಂತ' ಎಂಬ ಸಾಲು ಇರುತ್ತದೆ. ಖುಷಿಯಲ್ಲಿ ಓದದೆ ಸಹಿ ಹಾಕುತ್ತಾರೆ. ಕಾನೂನು ನಿಮ್ಮ ಕಡೆ ಸ್ವಲ್ಪ ಇದೆ. 1957ರ ಕಾಪಿರೈಟ್ ಕಾಯ್ದೆಯ ಪ್ರಕಾರ, ಹಕ್ಕು ಕೊಡುವ ಪತ್ರದಲ್ಲಿ ಅವಧಿ ಬರೆಯದಿದ್ದರೆ ಐದು ವರ್ಷ ಎಂದೇ ಲೆಕ್ಕ. ಪ್ರದೇಶ ಬರೆಯದಿದ್ದರೆ ಭಾರತಕ್ಕೆ ಮಾತ್ರ. ಹಕ್ಕು ಪಡೆದವರು ಒಂದು ವರ್ಷದೊಳಗೆ ಬಳಸದಿದ್ದರೆ, ಪತ್ರದಲ್ಲಿ ಬೇರೆ ಏನೂ ಹೇಳಿರದಿದ್ದರೆ, ಅದು ಬಿದ್ದುಹೋಗುತ್ತದೆ. 2012ರ ತಿದ್ದುಪಡಿ ಬರಹಗಾರರ ರಾಯಧನದ ಪಾಲನ್ನು ಬರೆಸಿಕೊಳ್ಳುವುದಕ್ಕೆ ತಡೆ ಹಾಕಿದೆ. ಗಮನಿಸಿ, ಇದರಲ್ಲಿ ಜಾಸ್ತಿ ಭಾಗ ಪತ್ರ ಮೌನವಾಗಿದ್ದಾಗ ಮಾತ್ರ ಕೆಲಸಕ್ಕೆ ಬರುತ್ತದೆ. ಪತ್ರದಲ್ಲಿ 'ಶಾಶ್ವತ' ಎಂದಿದ್ದರೆ ನೀವೇ ಬಾಗಿಲು ಹಾಕಿಕೊಂಡ ಹಾಗೆ. ಒಬ್ಬ ವಕೀಲರಿಗೆ ಒಂದು ಗಂಟೆಯ ಫೀಸ್ ಕೊಟ್ಟು ಓದಿಸಿ. ಟೈಟಲ್ ಕಾರ್ಡ್‌ನಲ್ಲಿ ನಿಮ್ಮ ಹೆಸರು ಎಲ್ಲಿ, ಯಾವ ಪದದಲ್ಲಿ ಬರುತ್ತದೆ ಎಂಬುದನ್ನೂ ಬರೆಸಿ. 'ಕಥೆ' ಬೇರೆ, 'ಮೂಲಕಥೆ' ಬೇರೆ, 'ಕಥಾ ಸಹಾಯ' ಬೇರೆ.

ಹಾಗಾದರೆ ದಾರಿ ಯಾವುದು?

ಕೆಲಸ ಬಿಡಬೇಡಿ. ಅತಿಥಿ ಉಪನ್ಯಾಸಕರ ಸಂಬಳ ಕಡಿಮೆ, ಅದೂ ಸರಿಯಾದ ಸಮಯಕ್ಕೆ ಬರುವುದಿಲ್ಲ ಎಂದು ಗೊತ್ತು. ಆದರೂ ನಿಮ್ಮ ಬೆಳಗ್ಗೆ ಮತ್ತು ರಜೆ ನಿಮ್ಮ ಕೈಯಲ್ಲಿವೆ. ಒಂದು ಓಡುತ್ತಿರುವ ಸೀರಿಯಲ್‌ನಲ್ಲಿ ಸಂಭಾಷಣೆ ಅಥವಾ ಚಿತ್ರಕಥೆಗೆ ಸಹಾಯಕರಾಗಿ ಸೇರಿಕೊಳ್ಳಲು ಪ್ರಯತ್ನಿಸಿ. ಈಗ ಇದಕ್ಕೆ ಬೆಂಗಳೂರಿನಲ್ಲೇ ಮನೆ ಮಾಡಬೇಕು ಅಂತಿಲ್ಲ. ಒನ್‌ಲೈನ್, ಅಂದರೆ ದೃಶ್ಯದಲ್ಲಿ ಏನಾಗಬೇಕು ಎಂಬ ಚಿಕ್ಕ ಸಾರ, ವಾಟ್ಸಾಪ್‌ನಲ್ಲಿ ಬರುತ್ತದೆ, ಸೀನ್ ಬರೆದು ಕಳಿಸುವುದು. ಅಲ್ಲಿ ನೀವು ಬರೆಯುವುದು ಅತ್ತೆ-ಸೊಸೆಯೇ ಇರಬಹುದು. ಪರವಾಗಿಲ್ಲ. ಎರಡು ಜನ, ಒಂದು ಕೋಣೆ, ಮೂರು ನಿಮಿಷ, ಕೊನೆಯಲ್ಲಿ ಒಂದು ಕೊಕ್ಕೆ. ಇದು ಕೈಗೆ ಹತ್ತಿದರೆ ಯಾವ ಗ್ರಹದ ಕಥೆಗೂ ಆಗುತ್ತದೆ. ಅಪಾಯ ಏನೆಂದರೆ ಹೆಸರಿಲ್ಲದೆ ವರ್ಷಗಟ್ಟಲೆ ಬರೆಸಿಕೊಳ್ಳುವವರು ಇದ್ದಾರೆ. ಎಪಿಸೋಡ್‌ಗೆ ಇಷ್ಟು ಎಂದು ಮೊದಲೇ ಮಾತಾಡಿ, ಎರಡು ತಿಂಗಳ ಬಾಕಿ ಉಳಿದರೆ ಮೂರನೇ ತಿಂಗಳು ಬರೆಯಬೇಡಿ. ಇನ್ನೊಂದು ಅಪಾಯ ದೇಹದ್ದು. ರಾತ್ರಿ ಹನ್ನೊಂದಕ್ಕೆ ಒನ್‌ಲೈನ್ ಬಂದು ಬೆಳಗ್ಗೆ ಏಳಕ್ಕೆ ಸೀನ್ ಬೇಕು ಎನ್ನುವ ದಿನಗಳು ಬಹಳ. ಬೆನ್ನು, ಕಣ್ಣು, ನಿದ್ದೆ ಮೂರೂ ಹೋಗುತ್ತವೆ. ಎರಡು ವರ್ಷ ಎಂದು ಮೊದಲೇ ಗಡುವು ಹಾಕಿಕೊಂಡು ಹೋಗಿ.

ರೇಡಿಯೋ ನಾಟಕವನ್ನು ಕಡೆಗಣಿಸಬೇಡಿ. ಕಿವಿಗೆ ಬರೆಯುವಾಗ ಬಾಹ್ಯಾಕಾಶ ನೌಕೆಗೂ ಎತ್ತಿನ ಗಾಡಿಗೂ ಖರ್ಚು ಒಂದೇ. ದುಡ್ಡು ಕಡಿಮೆ, ನಿಜ. ಆದರೆ ಪ್ರಸಾರವಾದ ಒಂದು ನಾಟಕ ಕೈಯಲ್ಲಿದ್ದರೆ ಅದನ್ನು ಯಾರಿಗಾದರೂ ಕೇಳಿಸಬಹುದು.

ಸ್ವಂತ ಕಿರುಚಿತ್ರ ಮಾಡುವುದಾದರೆ ನನ್ನ ಅಳತೆ ಇಷ್ಟೇ: ಪೂರ್ತಿ ಮುಳುಗಿದರೂ ಮನೆಯಲ್ಲಿ ಯಾರೂ ಊಟ ಬಿಡಬೇಕಾಗದಷ್ಟು ದುಡ್ಡು. ಹನ್ನೆರಡು ನಿಮಿಷ, ಎರಡು ದಿನ, ನಾಲ್ಕು ಕಲಾವಿದರು. ಅದರಲ್ಲಿ ನಿರ್ಮಾಪಕರ ಕೆಲಸವನ್ನೂ ನೀವೇ ಮಾಡಿ. ಕಾಲ್‌ಶೀಟ್ ಬರೆಯಿರಿ, ಊಟ ಹೇಳಿ, ಅನುಮತಿ ತನ್ನಿ, ಬಿಲ್ ಬರೆದಿಡಿ. ನಿಮಗೆ ಆ ಕೆಲಸ ಇಷ್ಟವಾಗುತ್ತದಾ ಇಲ್ಲವಾ ಎಂಬುದು ಎರಡೇ ದಿನಕ್ಕೆ ಗೊತ್ತಾಗಿಬಿಡುತ್ತದೆ. ಇಷ್ಟವಾದರೆ ಮುಂದೆ ಯಾವುದಾದರೂ ನಿರ್ಮಾಣ ಸಂಸ್ಥೆಯಲ್ಲಿ ಎಕ್ಸಿಕ್ಯುಟಿವ್ ಪ್ರೊಡ್ಯೂಸರ್ ಕೈಕೆಳಗೆ ಸೇರಿ. ಬೇರೆಯವರ ದುಡ್ಡಿನಲ್ಲಿ, ಬೇರೆಯವರ ಸೆಟ್‌ನಲ್ಲಿ ಆ ಕಸುಬು ಕಲಿಯಬೇಕು. ನಾನು ಅದನ್ನು ನನ್ನ ಸೈಟ್‌ನಲ್ಲಿ ಕಲಿತೆ, ನೀವು ಹಾಗೆ ಮಾಡಬಾರದು.

ಈಗ ನಿಮ್ಮ ಹತ್ತು ಪುಟ.

ಮೊದಲ ಆರು ಪುಟ ನನಗೆ ಹಿಡಿಸಲಿಲ್ಲ. ವಿಧಾನಸೌಧದ ಮೇಲೆ ನೌಕೆ ಬರುತ್ತದೆ, ಸೈನ್ಯ ಬರುತ್ತದೆ, ಪ್ರಧಾನಿ ಮಾತಾಡುತ್ತಾರೆ. ಇದನ್ನು ನೀವು ಎಲ್ಲಿಯೋ ನೋಡಿ ಬರೆದಿದ್ದೀರಿ. ಪೆನ್ಸಿಲ್ ಇಟ್ಟು ಖರ್ಚು ಬರೆಯಲು ಹೋಗಿ ಎರಡನೇ ಪುಟಕ್ಕೇ ಬಿಟ್ಟೆ.

ಏಳನೇ ಪುಟದಲ್ಲಿ ನನ್ನ ಕೈ ನಿಂತಿತು. ಮೂರು ಬೋರ್‌ವೆಲ್ ಫೇಲ್ ಆದ ಹೊಲ. ಅಮ್ಮ ನೀರು ನೋಡುವವರನ್ನು ಕರೆಸಿದ್ದಾಳೆ. ಅವರು ಅಂಗೈಯಲ್ಲಿ ತೆಂಗಿನಕಾಯಿ ಮಲಗಿಸಿಕೊಂಡು, ಚಪ್ಪಲಿ ಬಿಟ್ಟು, ಒಣಗಿದ ರಾಗಿ ಕೂಳೆಯ ಮೇಲೆ ನಡೆಯುತ್ತಿದ್ದಾರೆ. ಫಿಸಿಕ್ಸ್ ಓದಿದ ಮಗಳು ಬದುವಿನ ಮೇಲೆ ನಿಂತು ಸಿಟ್ಟಿನಲ್ಲಿ ನೋಡುತ್ತಿದ್ದಾಳೆ. ಒಂದು ಕಡೆ ಕಾಯಿ ನೆಟ್ಟಗೆ ನಿಲ್ಲುತ್ತದೆ. ಅದೇ ಹೊತ್ತಿಗೆ ಕಾಲಡಿ ನೆಲ ಸಣ್ಣಗೆ ನಡುಗುತ್ತದೆ. ಮಗಳ ಕಾಲಿಗೂ ಅದು ತಾಗುತ್ತದೆ. ಅಷ್ಟಕ್ಕೆ ಬಿಟ್ಟು ನೀವು ಮತ್ತೆ ವಿಧಾನಸೌಧಕ್ಕೆ ಓಡಿದ್ದೀರಿ.

ಯಾಕೆ ಬಿಟ್ಟಿರಿ? ನಿಮ್ಮ ಸರಣಿ ಅಲ್ಲೇ ಇದೆ. ಒಂದು ಹೊಲ, ಮೂರು ಜನ, ಒಂದು ತೆಂಗಿನಕಾಯಿ. ಖರ್ಚು ಅಂದರೆ ವ್ಯಾನ್ ಮತ್ತು ಊಟ. ನಿಮ್ಮ ತಾಲ್ಲೂಕಿನಲ್ಲಿ ಏನೇನಿದೆ ನೋಡಿ. 1965ರಿಂದ ದೂರದ ದೇಶದ ಅಣು ಪರೀಕ್ಷೆಯ ನಡುಕವನ್ನೂ ಕೇಳಿಸಿಕೊಳ್ಳುವ ಭೂಕಂಪ ಮಾಪಕಗಳ ಕೇಂದ್ರ ಇದೆ. ಇಂಗ್ಲಿಷಿನ ಟಿ ಆಕಾರದಲ್ಲಿ ಸಾವಿರ ಡೈಪೋಲ್ ಆಂಟೆನಾ ನಿಲ್ಲಿಸಿ, ಪೂರ್ವ-ಪಶ್ಚಿಮವಾಗಿ ಒಂದೂಕಾಲು ಕಿಲೋಮೀಟರ್‌ಗೂ ಉದ್ದ ಹಬ್ಬಿದ ರೇಡಿಯೋ ದೂರದರ್ಶಕ ಇದೆ. ಒಂದು ನೆಲಕ್ಕೆ ಕಿವಿ, ಇನ್ನೊಂದು ಆಕಾಶಕ್ಕೆ ಕಿವಿ. ನಡುವೆ ನೀರಿಲ್ಲದೆ ಸಾವಿರ ಅಡಿ ದಾಟಿದ ಬೋರ್‌ವೆಲ್‌ಗಳು. ಪಕ್ಕದ ಕೋಲಾರದಲ್ಲಿ, ಕೆಜಿಎಫ್ ಗಣಿಯ ಎರಡು ಕಿಲೋಮೀಟರ್‌ಗೂ ಆಳದಲ್ಲಿ, ವಿಜ್ಞಾನಿಗಳು 1965ರಲ್ಲಿ ವಾತಾವರಣದ ನ್ಯೂಟ್ರಿನೋ ಎಂಬ ಅತಿ ಸೂಕ್ಷ್ಮ ಕಣಗಳ ಗುರುತು ಹಿಡಿದರು. ನಮ್ಮ ಪಾವಗಡದಲ್ಲಿ ರೈತರು ಸೂರ್ಯನ ಬಿಸಿಲಿಗೆ ಹೊಲ ಗುತ್ತಿಗೆ ಕೊಟ್ಟಿದ್ದಾರೆ, ಕಣ್ಣು ಹಾಯುವಷ್ಟು ದೂರ ಫಲಕಗಳು, 2,050 ಮೆಗಾವ್ಯಾಟ್. ಇಷ್ಟೆಲ್ಲ ಮನೆ ಹಿತ್ತಲಲ್ಲಿ ಇರುವಾಗ ನಮಗೆ ವಿಧಾನಸೌಧದ ಮೇಲಿನ ನೌಕೆ ಯಾಕೆ ಬೇಕು, ಅಲ್ವಾ?

ಒಂದೇ ಒಂದು ಎಚ್ಚರಿಕೆ. ತೆಂಗಿನಕಾಯಿಗೆ ದೈವಶಕ್ತಿ ಇತ್ತು ಎಂದು ಕಥೆ ಮುಗಿಸಬೇಡಿ. ಹಾಗೆ ಮಾಡಿದರೆ ಅದು ಇನ್ನೊಂದು ನಾಗಿಣಿ ಸೀರಿಯಲ್ ಆಗುತ್ತದೆ. ನಿಮ್ಮ ತಾಲ್ಲೂಕಿನ ಹೊಸೂರಿನವರೇ ಆದ ಡಾ. ಎಚ್. ನರಸಿಂಹಯ್ಯ ಬೆಂಗಳೂರು ವಿಶ್ವವಿದ್ಯಾಲಯದ ಕುಲಪತಿಯಾಗಿದ್ದಾಗ, 1976ರಲ್ಲಿ, ಪವಾಡಗಳನ್ನು ಪರೀಕ್ಷಿಸಲು ಸಮಿತಿ ಮಾಡಿದವರು. ನಿಮ್ಮ ಮಗಳ ಪಾತ್ರಕ್ಕೆ ಆ ಹಟ ಇರಲಿ. ನೀರು ನೋಡುವವರ ಕೈಯ ಸ್ನಾಯುಗಳು ಅವರಿಗೇ ಅರಿವಿಲ್ಲದೆ ಅಲುಗುತ್ತವೆ, ಅದರಿಂದ ಕಾಯಿ ಏಳುತ್ತದೆ ಎಂದು ಅವಳಿಗೆ ಗೊತ್ತು. ಹಾಗಾದರೆ ನೆಲ ನಡುಗಿದ್ದು? ಅದಕ್ಕೆ ನೀವು ಕೊಡುವ ಕಾರಣ ಕಲ್ಪನೆಯದಿರಬಹುದು. ಆ ಕಲ್ಪನೆಗೆ ಮಾತ್ರ ಒಂದು ನಿಯಮ ಇರಬೇಕು, ಮತ್ತು ಕೊನೆಯ ಎಪಿಸೋಡ್‌ವರೆಗೂ ನೀವು ಅದನ್ನು ಮುರಿಯಬಾರದು. ನಮ್ಮ ಕಸುಬಿನಲ್ಲಿ ನೋಡುಗರು ಒಂದು ಸುಳ್ಳನ್ನು ಒಪ್ಪುತ್ತಾರೆ, ಎರಡನೆಯದಕ್ಕೆ ರಿಮೋಟ್ ಎತ್ತುತ್ತಾರೆ.

ನೀರು ನೋಡುವವರನ್ನೂ ಹಗುರ ಮಾಡಬೇಡಿ. ಮೂರು ಬೋರ್ ಫೇಲಾಗಿ ಸಾಲದಲ್ಲಿರುವ ಹೆಂಗಸು ಅವರನ್ನು ಯಾಕೆ ಕರೆಸುತ್ತಾಳೆ ಎಂಬುದು ನಿಮಗೆ ನನಗಿಂತ ಚೆನ್ನಾಗಿ ಗೊತ್ತು.

ಬೆಂಗಳೂರಿನವರಿಗೆ ಈ ವಾರವೇ 'ಬೇಡ' ಎಂದು ಇ-ಮೇಲ್ ಹಾಕಿ. ಅದರಲ್ಲೇ ಕಥೆಯ ಪ್ರತಿ ವಾಪಸ್ ಕೇಳಿ. ಆಮೇಲೆ ಏಳನೇ ಪುಟದಿಂದ ಮತ್ತೆ ಶುರು ಮಾಡಿ. ಕಾಯಿ ನೆಟ್ಟಗೆ ನಿಂತ ಮೇಲೆ ಅಮ್ಮ ಮಗಳ ಕಡೆ ತಿರುಗಿ ಏನು ಹೇಳುತ್ತಾಳೆ ಎಂದು ನೀವು ಬರೆದಿಲ್ಲ. ಅದನ್ನು ಬರೆದು ನನಗೆ ಕಳಿಸಿ, ಓದುತ್ತೇನೆ.